ಬೀಳಗಿಯ ಕೋಗಿಲೆ: ಶ್ರೀಮತಿ ಅಮೀರಬಾಯಿ ಕರ್ನಾಟಕಿ

ನಾಡಿನ ಹೆಸರನ್ನೇ ತಮ್ಮ ಹೆಸರಿಗೆ ಜೋಡಿಸಿಕೊಂಡು, ಅದನ್ನು ಹಿಂದೂಸ್ಥಾನದ ಮನೆಮನೆಗೆ ಮುಟ್ಟಿಸಿದ ಮಹಿಳೆಯರು ವಿರಳ. ಅಂಥವರಲ್ಲಿ ನಮ್ಮ ನೆರೆಯ ಬೀಳಗಿಯ ಅಮೀರಬಾಯಿಯವರು ಒಬ್ಬರು.

20ನೆಯ ಶತಮಾನದ ಆರಂಭದಲ್ಲಿ, ಆಗಿನ ವಿಜಾಪುರ ಜಿಲ್ಲೆಗೆ ಸೇರಿದ್ದ ಬೀಳಗಿಯಲ್ಲಿ, ಸಂಗೀತ ನಾಟಕಗಳನ್ನೇ ನಂಬಿದ್ದ ಮುಸಲ್ಮಾನ ಮನೆತನವೊಂದರಲ್ಲಿ ಅವರು ಜನಿಸಿದರು. ಹೆಣ್ಣುಮಕ್ಕಳು ರಂಗವನ್ನೇರುವುದು ನಿಂದ್ಯವೆಂದು ಜನರು ಎಣಿಸುತ್ತಿದ್ದ ಕಾಲವದು. ಆದರೂ ಸೋದರಿ ಗೋಹರಬಾಯಿಯವರು ಮರಾಠೀ ರಂಗದ ಬಾಲಗಂಧರ್ವರೊಡನೆ ನಟಿಸಿ ಹೆಸರಾದರು. ಅಮೀರಬಾಯಿಯವರು ಮುಂಬಯಿಗೆ ಹೋಗಿ 1934ರ 'ವಿಷ್ಣುಭಕ್ತಿ'ಯಿಂದ ಬೋಲಪಟವನ್ನು ಪ್ರವೇಶಿಸಿದರು. ಕೆಲವು ವರ್ಷಗಳವರೆಗೆ ಅವರಿಗೆ ದೊರೆತವು ಸಣ್ಣ ಪಾತ್ರಗಳೇ.

1943ರಲ್ಲಿ ಬಾಂಬೆ ಟಾಕೀಸಿನವರ 'ಕಿಸ್ಮತ್' ತೆರೆಕಂಡಿತು. ಅನಿಲ ಬಿಸ್ವಾಸರು ಅದಕ್ಕೆ ಸಂಗೀತವನ್ನು ಕೂಡಿಸಿದ್ದರು. ಕುಂಟುಕಾಲಿನ ಗಾಯಕಿಯಾಗಿ ತೆರೆಯ ಮೇಲೆ ಕಂಡವರು ಮುಮ್ತಾಜ್ ಶಾಂತಿ. ಕೇಳಿಬಂದ ಕಂಠ ಮಾತ್ರ ಅಮೀರಬಾಯಿಯವರದು. ದೇಶದ ಮುಂದಾಳುಗಳು ಸೆರೆಯಲ್ಲಿದ್ದ ದಿನಗಳವು. ಪರಕೀಯರು ದೂರ ಸರಿಯಲೆಂದು ಸಾರುವ ಪ್ರದೀಪರ ಗೀತವು ಚಿತ್ರದಲ್ಲಿತ್ತು. ಅದರಲ್ಲಿ ಜರ್ಮನಿ, ಜಪಾನುಗಳ ಹೆಸರಿದ್ದುದರಿಂದ ಸರಕಾರದ ಪರೀಕ್ಷಕರು ಒಪ್ಪಿಗೆ ಕೊಟ್ಟರು; ಪ್ರೇಕ್ಷಕರಾದರೋ ಅದರ ಒಳ ಅರ್ಥವನ್ನು ತಿಳಿದು, ಹಾಡನ್ನು ಮರಳಿ ಮರಳಿ ಹಾಕಿಸಿ ಕೇಳಿದರು. ಕಲಕತ್ತೆಯ ಒಂದೇ ಚಿತ್ರಮಂದಿರದಲ್ಲಿ 'ಕಿಸ್ಮತ್' ಮೂರು ವರ್ಷಗಳಿಗೂ ಮಿಕ್ಕಿ ನಡೆಯಿತು. ಮರುವರ್ಷ ನೌಷಾದರ 'ರತನ್'ದಲ್ಲಿಯೂ ಅವರ ಹಾಡು ಜನಪ್ರಿಯವಾಯಿತು. 1948ರ 'ಶಹನಾಜ್' ಚಿತ್ರಕ್ಕೆ ಅವರೇ ಸಂಗೀತವನ್ನು ನೀಡಿದರು. ಸ್ತ್ರೀಯೊಬ್ಬಳು ಆ ಹೊಣೆಯನ್ನು ಹೊರುವುದು ಆಗ ಅಪರೂಪವೇ ಆಗಿತ್ತು.

ಬಾಳು ಮಾತ್ರ ಹಾಡಿನಂತೆ ಮಧುರವಾಗಿರಲಿಲ್ಲ. ಮೊದಲನೆಯ ದಾಂಪತ್ಯದಲ್ಲಿ ಬಹಳ ಕಷ್ಟವನ್ನುಂಡು, ಧೈರ್ಯಗುಂದದೆ ಅದರಿಂದ ಬಿಡುಗಡೆಯನ್ನು ಪಡೆದರು. ಹೊಸ ಕಂಠಗಳು ಬಂದ ಮೇಲೆ ಹಾಡುವ ಅವಕಾಶಗಳು ಕಡಿಮೆಯಾದವು. ಅವರು ಬೇಸರಿಸದೆ ಪೋಷಕ ಪಾತ್ರಗಳಲ್ಲಿ ದುಡಿದರು. ತವರುನಾಡನ್ನು ಮರೆಯದೆ ವಿಜಾಪುರದಲ್ಲಿ ತಮ್ಮ ಹೆಸರಿನ ಚಿತ್ರಮಂದಿರವೊಂದನ್ನು ಕಟ್ಟಿಸಿದರು. 1965ರಲ್ಲಿ ಕಾಲವಾದರು.

ಆ ಚಿತ್ರದ ಕಥೆಯು ಇಂದಿನವರಿಗೆ ಹಳೆಯದಾಗಿ ತೋರಬಹುದು. ಅದರ ಹಾಡುಗಳು ಹಳೆಯವಾಗಿಲ್ಲ. ನೊಂದ ಜೀವದಿಂದ ಬಂದ ದನಿಯು ನೊಂದವರೆಲ್ಲರಿಗೂ ತಮ್ಮದೆನಿಸುವುದೇ ಇದಕ್ಕೆ ಕಾರಣ. ಪ್ರಿಯ ಸೋದರಿಯರೇ, ತಾಯ್ತಂದೆಗಳೇ, ನಮ್ಮ ಹಳ್ಳಿಗಳ ಮನೆಗಳಲ್ಲಿ ಇಂದಿಗೂ ಎಷ್ಟೋ ಕಂಠಗಳು ಅಡಗಿವೆ. ಹಾಡುವ ಹುಡುಗಿಯನ್ನು ಸುಮ್ಮನಿರಿಸುವ ಮೊದಲು ಬೀಳಗಿಯ ಈ ಮಗಳನ್ನು ನೆನೆಯೋಣ.