ರುಕ್ಮಿಣಿದೇವಿ ಅರುಂಡೇಲ್

ರುಕ್ಮಿಣಿದೇವಿಯವರು 1904ರ ಫೆಬ್ರವರಿ 29ರಂದು ಮಧುರೈಯಲ್ಲಿ ಜನಿಸಿದರು. ತಂದೆ ನೀಲಕಂಠ ಶಾಸ್ತ್ರಿ, ತಾಯಿ ಶೇಷಮ್ಮಾಳ್.

1928ರಲ್ಲಿ ಅವರು ಮುಂಬಯಿಯಲ್ಲಿ ರಷ್ಯಾದ ಅನ್ನಾ ಪಾವ್ಲೋವಾ ಅವರ ಬ್ಯಾಲೆ ನೃತ್ಯವನ್ನು ನೋಡಿದರು. ಬ್ಯಾಲೆಯು ಇಟಲಿಯ ಅರಮನೆಗಳಲ್ಲಿ ಹುಟ್ಟಿ, ಫ್ರಾನ್ಸ್ ಮತ್ತು ರಷ್ಯಾ ದೇಶಗಳಲ್ಲಿ ಬೆಳೆದ ಕಲೆ. ಇದರಲ್ಲಿ ನರ್ತಕಿಯರು ಕಾಲ್ಬೆರಳುಗಳ ತುದಿಯ ಮೇಲೆ ನಿಂತು, ಮಾತಿಲ್ಲದೆ ಕಥೆಯನ್ನು ಅಭಿನಯಿಸುತ್ತಾರೆ. ಇದಕ್ಕೆ ಮನಸೋತ ರುಕ್ಮಿಣಿದೇವಿಯವರು ಪಾವ್ಲೋವಾ ತಂಡದ ಕಲಾವಿದೆಯೊಬ್ಬರಿಂದ ಬ್ಯಾಲೆ ಕಲಿತರು. ತಮ್ಮ ನಾಡಿನ ನೃತ್ಯವನ್ನೂ ಅರಿಯುವಂತೆ ಪಾವ್ಲೋವಾ ಅವರಿಗೆ ಸಲಹೆ ನೀಡಿದರು.

ಭರತನಾಟ್ಯಕ್ಕೆ ಆಗ ಸದಿರ್ ಎಂಬ ಹೆಸರಿತ್ತು. ದೇವಾಲಯದ ನರ್ತಕಿಯರೂ ಅವರ ಗುರುಗಳೂ ಅದನ್ನು ತಲೆತಲಾಂತರದಿಂದ ಕಾಪಾಡಿಕೊಂಡು ಬಂದಿದ್ದರು. ಆದರೂ ಸಮಾಜವು ಆ ನರ್ತಕಿಯರನ್ನು ಕೀಳಾಗಿ ಕಾಣುತ್ತಿತ್ತು. ಬೇರೆ ಮನೆತನದ ಹೆಣ್ಣುಮಕ್ಕಳು ವೇದಿಕೆಯಲ್ಲಿ ನರ್ತಿಸುವುದನ್ನು ಜನರು ಒಪ್ಪುತ್ತಿರಲಿಲ್ಲ. ರುಕ್ಮಿಣಿದೇವಿಯವರು ಇದಕ್ಕೆ ಹೆದರಲಿಲ್ಲ. ಪಂದನಲ್ಲೂರು ಮೀನಾಕ್ಷಿಸುಂದರಂ ಪಿಳ್ಳೈಯವರಲ್ಲಿ ನೃತ್ಯ ಕಲಿತರು. 1935ರಲ್ಲಿ ಅಡ್ಯಾರಿನಲ್ಲಿ ಎಲ್ಲರೆದುರು ನರ್ತಿಸಿದರು. ಆಗ ಅವರಿಗೆ 31 ವರ್ಷ.

1936ರಲ್ಲಿ ಅವರು ಆರಂಭಿಸಿದ ಕಲಾಶಾಲೆಯೇ ಚೆನ್ನೈಯ ಕಲಾಕ್ಷೇತ್ರ. ನಮ್ಮ ಕನ್ನಡ ನಾಡಿನ ಮೈಸೂರು ವಾಸುದೇವಾಚಾರ್ಯರು ಇಳಿವಯಸ್ಸಿನಲ್ಲಿ ಅಲ್ಲಿಗೆ ಬಂದು, ರಾಮಾಯಣದ ಹಲವು ನೃತ್ಯನಾಟಕಗಳಿಗೆ ಸಂಗೀತ ರಚಿಸಿದರು.

ರುಕ್ಮಿಣಿದೇವಿಯವರು 1986ರಲ್ಲಿ ನಿಧನರಾದರು. ಅಂದು ಜನರು ಹಳಿದ ನೃತ್ಯವನ್ನು ಇಂದು ಊರೂರಿನ ಮಕ್ಕಳು ಹೆಮ್ಮೆಯಿಂದ ಕಲಿಯುತ್ತಿದ್ದಾರೆ.