ಪಕ್ಷಿಬಂಧು ಸಲೀಂ ಅಲಿಯವರು

ಯಾದಗಿರಿ, ಶಹಾಪುರ, ಸುರಪುರಗಳು ನಿಜಾಮರ ಹೈದರಾಬಾದು ಸಂಸ್ಥಾನಕ್ಕೆ ಸೇರಿದ್ದ ಕಾಲದಲ್ಲಿ ಆ ಸಂಸ್ಥಾನದ ಪಕ್ಷಿಸಂಪತ್ತನ್ನು ಶಾಸ್ತ್ರೀಯವಾಗಿ ಪರಿಶೀಲಿಸಿದ ಮಹನೀಯರು ಡಾಕ್ಟರ್ ಸಲೀಂ ಅಲಿಯವರು. 1896ರಲ್ಲಿ ಮುಂಬಯಿಯಲ್ಲಿ ಜನಿಸಿದ ಇವರು ಎಳವೆಯಲ್ಲಿಯೇ ತಂದೆತಾಯಿಗಳನ್ನು ಕಳೆದುಕೊಂಡು ಸೋದರಮಾವನ ಆಶ್ರಯದಲ್ಲಿ ಬೆಳೆದರು. ಬಾಲ್ಯದಲ್ಲಿ ತಾವೇ ಹೊಡೆದುರುಳಿಸಿದ ಗುಬ್ಬಿಯೊಂದರ ಕೊರಳಿನ ಹಳದಿ ಮಚ್ಚೆಯು ಇವರ ಕುತೂಹಲವನ್ನು ಕೆರಳಿಸಿತು. ಅದರ ಹೆಸರನ್ನರಿಯಲು ಮುಂಬಯಿಯ ನಿಸರ್ಗೇತಿಹಾಸ ಸಂಘದ ಬಾಗಿಲಿಗೆ ಹೋದವರು ಆಜೀವಪರ್ಯಂತ ಆ ಸಂಘದ ಸೇವಕರಾದರು.

ಬರ್ಲಿನಿನಲ್ಲಿ ವ್ಯಾಸಂಗ ಮಾಡಿ 1930ರಲ್ಲಿ ಹಿಂದಿರುಗಿದಾಗ ಇವರ ಉದ್ಯೋಗವೇ ಇಲ್ಲವಾಗಿತ್ತು. ಆದರೂ ಎದೆಗುಂದದೆ, ಬಿಡಾರದ ಮತ್ತು ಪ್ರಯಾಣದ ವೆಚ್ಚವನ್ನಿತ್ತರೆ ಸಂಬಳವಿಲ್ಲದೆ ದುಡಿಯುವುದಾಗಿ ದೇಶೀಯ ಸಂಸ್ಥಾನಗಳಿಗೆ ತಿಳಿಸಿದರು. 1931-32ರ ಹೈದರಾಬಾದಿನ ಪರಿಶೀಲನೆಯು ಹೀಗೆ ನಡೆಯಿತು. ಮುಂದೆ ಮೈಸೂರು ಸಂಸ್ಥಾನದಲ್ಲಿಯೂ ಸಂಚರಿಸಿದರು. 1940ರಲ್ಲಿ ರಂಗನತಿಟ್ಟು ಪಕ್ಷಿಧಾಮವಾದುದು ಇವರ ಸಲಹೆಯ ಫಲ. ಬಹುಮಟ್ಟಿಗೆ ಆಂಗ್ಲ ಅಧಿಕಾರಿಗಳ ಸೊತ್ತಾಗಿದ್ದ ಪಕ್ಷಿಶಾಸ್ತ್ರವನ್ನು 1941ರ ತಮ್ಮ ಗ್ರಂಥದ ಮೂಲಕ ಭಾರತೀಯ ಜನಸಾಮಾನ್ಯರ ಕೈಗಿತ್ತರು. 1976ರಲ್ಲಿ ದೊರೆತ ಗೆಟ್ಟಿ ಪಾರಿತೋಷಕದ ಹಣದ ಬಹುಭಾಗವನ್ನು ನಿಸರ್ಗರಕ್ಷಣೆಗೆ ಮೀಸಲಿಟ್ಟರು. 1987ರಲ್ಲಿ ದಿವಂಗತರಾದರು.

ಬಂದೂಕಿನಿಂದ ಮೊದಲಾದ ಜೀವಿತವು ಸಂರಕ್ಷಣೆಯಲ್ಲಿ ಸಾರ್ಥಕವಾಯಿತು. ಸುರಪುರ ಸೀಮೆಯ ಬೋನಾಳ ಕೆರೆಗೆ ಚಳಿಗಾಲದಲ್ಲಿ ದೂರದೇಶದ ಹಕ್ಕಿಗಳು ಇಂದಿಗೂ ಅತಿಥಿಗಳಾಗಿ ಬರುತ್ತವೆ. ಕೆರೆಯ ನೀರು ಕೆಡದಂತೆ, ಬಲೆ ಬೀಸುವವರ ಕೈ ಸಾಗದಂತೆ ನೋಡಿಕೊಳ್ಳುವುದು ಅಧಿಕಾರಿಗಳಿಗೂ ನಾಗರಿಕರಿಗೂ ಸಮಾನವಾದ ಕರ್ತವ್ಯ. ಆ ಮಹನೀಯರಿಗೆ ಈ ಸೀಮೆಯು ಸಲ್ಲಿಸಬಹುದಾದ ನಿಜವಾದ ಸ್ಮಾರಕವು ಇದೇ ಆಗಿದೆ.