ಬಿಯಾಟ್ರಿಸ್ ವೆಬ್ ಎಂಬಾಕೆಯ ಜೀವಿತವೂ ವಿಚಾರಗಳೂ

ದೀನರ ಸೇವೆಯಲ್ಲಿ ಬಾಳನ್ನು ಸವೆಸಿದ ದಾದಿಯರ, ವೈದ್ಯೆಯರ, ಉಪಾಧ್ಯಾಯಿನಿಯರ ಚರಿತ್ರೆಗಳನ್ನು ನಮ್ಮ ಶಾಲೆಯ ಬಾಲಿಕೆಯರು ಬಹುಕಾಲದಿಂದ ಕೇಳುತ್ತ ಬಂದಿದ್ದಾರೆ. ಈ ಸ್ಮರಣ ಸಂಚಿಕೆಯಲ್ಲಿ ನಾವು ಬೇರೊಂದು ಬಗೆಯ ಸೇವಕಿಯನ್ನು ವಾಚಕರಿಗೆ ಪರಿಚಯಪಡಿಸಲು ಇಚ್ಛಿಸುತ್ತೇವೆ. ಆಕೆ ಕೈಯಲ್ಲಿ ಹಿಡಿದ ಸಾಧನವು ಲೆಕ್ಕದ ಪುಸ್ತಕ. ಬಡವನಿಗೆ ಏನು ಕೊಡೋಣವೆಂದು ಯೋಚಿಸುವುದಕ್ಕೆ ಮುಂಚೆ, ದುಡಿಯುವವನು ಬಡವನಾಗಿಯೇ ಉಳಿದದ್ದೇಕೆಂದು ವಿಚಾರಿಸಬೇಕೆಂಬುದು ಆಕೆಯ ಜೀವಮಾನದ ಬೋಧನೆ.

ಬಿಯಾಟ್ರಿಸ್ ಪಾಟರಳು 1858ನೆಯ ಇಸವಿ ಜನವರಿ 22ರಂದು ಇಂಗ್ಲೆಂಡಿನ ಗ್ಲಾಸ್ಟರ್‌ಷೈರ್ ಪ್ರಾಂತದಲ್ಲಿ ಜನಿಸಿದಳು. ತಂದೆ ರಿಚರ್ಡ್ ಪಾಟರನು ರೈಲ್ವೆ ಕಂಪೆನಿಗಳ ಅಧ್ಯಕ್ಷನಾಗಿದ್ದ ಸಿರಿವಂತ. ಒಂಬತ್ತು ಮಂದಿ ಹೆಣ್ಣುಮಕ್ಕಳಲ್ಲಿ ಈಕೆ ಎಂಟನೆಯವಳು. ರೋಗಿಷ್ಠ ಶರೀರದ ನಿಮಿತ್ತ ಆಕೆಗೆ ಕ್ರಮವಾದ ಶಾಲೆಯ ಶಿಕ್ಷಣವು ಬಹು ಸ್ವಲ್ಪವೇ ಲಭಿಸಿತು. ತನ್ನ ಮಕ್ಕಳಲ್ಲಿ ಬುದ್ಧಿಯು ಸಾಧಾರಣಕ್ಕಿಂತ ಕಡಿಮೆಯಾಗಿರುವವಳು ಇವಳೊಬ್ಬಳೇ ಎಂದು ತಾಯಿ ತನ್ನ ದಿನಚರಿಯಲ್ಲಿ ಬರೆದಿಟ್ಟಿದ್ದಳಂತೆ. ಮಕ್ಕಳ ಅಂಕಗಳನ್ನು ನೋಡಿ ಬೇಗನೆ ತೀರ್ಪುಮಾಡುವ ತಾಯ್ತಂದೆಗಳು ಇದನ್ನು ಗಮನಿಸುವುದು ಒಳ್ಳೆಯದು. ಮನೆಗೆ ಬರುತ್ತಿದ್ದ ತತ್ವಜ್ಞಾನಿ ಹರ್ಬರ್ಟ್ ಸ್ಪೆನ್ಸರನು ಮಾತ್ರ ಬಾಲಿಕೆಯ ಪ್ರಶ್ನೆಗಳನ್ನು ಆದರದಿಂದ ಕೇಳಿ, ವಸ್ತುಗಳನ್ನು ಕಣ್ಣಾರೆ ನೋಡಿ ಪರೀಕ್ಷಿಸುವ ಅಭ್ಯಾಸವನ್ನು ಆಕೆಗೆ ಕಲಿಸಿದನು.

1882ರಲ್ಲಿ ತಾಯಿ ತೀರಿಕೊಂಡ ತರುವಾಯ ತಂದೆಯ ಮನೆವಾರ್ತೆಯೆಲ್ಲ ಆಕೆಯ ಮೇಲೆ ಬಿತ್ತು. ಆದರೂ 1883ರಲ್ಲಿ ಆಕೆ ಲಂಡನ್ನಿನ ಒಂದು ಧರ್ಮಸಂಸ್ಥೆಯ ಪರವಾಗಿ ಬಡವರ ಮನೆಗಳನ್ನು ಸಂದರ್ಶಿಸತೊಡಗಿದಳು. ಅದೇ ವರ್ಷ ಲ್ಯಾಂಕಷೈರಿನ ಬೇಕಪ್ ಎಂಬ ಗಿರಣಿಯ ಊರಿಗೆ ಮಿಸ್ ಜೋನ್ಸ್ ಎಂಬ ಹೆಸರಿನಿಂದ ಹೋಗಿ, ತಾಯಿಯ ಕಡೆಯ ಬಡ ನೇಕಾರ ಬಂಧುಗಳ ಮನೆಯಲ್ಲಿ ತಂಗಿದಳು. ಆ ಜನರು ತಮ್ಮ ಪ್ರಾರ್ಥನಾಲಯವನ್ನೂ ಸಹಕಾರದ ಅಂಗಡಿಯನ್ನೂ ತಾವೇ ಸಭೆ ಸೇರಿ ನಡಿಸಿಕೊಳ್ಳುತ್ತಿದ್ದುದನ್ನು ಕಂಡು ಆಶ್ಚರ್ಯಪಟ್ಟಳು. ಕೂಲಿಯವರಿಗೆ ಆಳಿಕೊಳ್ಳುವ ಸಾಮರ್ಥ್ಯವುಂಟೆಂಬುದು ಅಲ್ಲಿ ಆಕೆಗೆ ದೃಢವಾಯಿತು.

1885ರಿಂದ ಆಕೆ ಲಂಡನ್ನಿನ ಬಂದರಿನ ಬಳಿಯಲ್ಲಿ ಕೂಲಿಕಾರರ ವಠಾರವೊಂದರ ಬಾಡಿಗೆಯನ್ನು ವಸೂಲುಮಾಡುವ ಕೆಲಸವನ್ನು ಕೈಕೊಂಡಳು. ಹಡಗಿನ ಸರಕು ಇಳಿಸುವವರು ದಿನವೂ ಬೆಳಗಿನ ಜಾವ ಬಾಗಿಲ ಬಳಿ ಗುಂಪುಗೂಡಿ, ಕರೆಯಲ್ಪಟ್ಟವರು ಒಳಹೋಗಿ, ಉಳಿದವರು ಬರಿಗೈಯಲ್ಲಿ ಮನೆಗೆ ಮರಳುವುದನ್ನು ನೋಡಿದಳು. ಅಂಥವನಿಗೆ ಉದ್ಯೋಗಶೀಲನಾಗೆಂದು ಉಪದೇಶಿಸಿ ಫಲವೇನು? ಬಂಧುವಾದ ಚಾರ್ಲ್ಸ್ ಬೂತನು ಲಂಡನ್ನಿನ ಬಡತನವನ್ನು ಬೀದಿ ಬೀದಿಯಾಗಿ ಎಣಿಸಲು ಹೊರಟಾಗ ಆಕೆ ಅವನಿಗೆ ಸಹಾಯಕಳಾದಳು. 1888ರಲ್ಲಿ ಸೂಜಿ ಹಿಡಿದು, ಹಳೆಯ ಉಡುಪು ಧರಿಸಿ, ಷರಾಯಿ ಹೊಲಿಯುವ ಅಂಗಡಿಗಳಲ್ಲಿ ಕೂಲಿಗೆ ಸೇರಿದಳು. ಅತ್ಯಲ್ಪ ಕೂಲಿಗೆ ಅತಿಯಾಗಿ ದುಡಿಸುವ ಈ ಪದ್ಧತಿಗೆ ಯಾವನೋ ಒಬ್ಬ ಕ್ರೂರ ಯಜಮಾನನೇ ಕಾರಣನೆಂದು ಲೋಕವು ನಂಬಿತ್ತು. ಆಕೆ ಕಂಡದ್ದಾದರೋ ಬೇರೆ: ಸಗಟು ವ್ಯಾಪಾರಿ, ಮನೆಯ ಒಡೆಯ, ಅಗ್ಗದ ಉಡುಪನ್ನು ಹುಡುಕುವ ಗಿರಾಕಿ, ಈ ಎಲ್ಲರೂ ಆ ಪಾಪದಲ್ಲಿ ಪಾಲುಗಾರರು.

1891ರಲ್ಲಿ ಆಕೆ ಸಹಕಾರ ಚಳವಳಿಯನ್ನು ಕುರಿತು ಗ್ರಂಥವನ್ನು ಪ್ರಕಟಿಸಿದಳು. ಕಾರ್ಮಿಕರು ಒಟ್ಟಾಗಿ ನಿಂತು ಕೂಲಿಯನ್ನು ಗೊತ್ತುಮಾಡಿಕೊಳ್ಳುವ ಸಾಮೂಹಿಕ ಚೌಕಾಸಿಗೆ ಇಂಗ್ಲಿಷಿನಲ್ಲಿ ಇಂದು ಬಳಕೆಯಲ್ಲಿರುವ ಹೆಸರು ಈಕೆಯ ಲೇಖನಿಯಿಂದ ಬಂದುದೆಂದು ಹೇಳುತ್ತಾರೆ. 1892ರಲ್ಲಿ ಸಾಧಾರಣ ಕುಲದ ವಿದ್ವಾಂಸ ಸಿಡ್ನಿ ವೆಬ್ಬನನ್ನು ವಿವಾಹವಾದಳು. ಮಕ್ಕಳಿಲ್ಲದ ಆ ದಂಪತಿಗಳಿಗೆ ಗ್ರಂಥಗಳೇ ಸಂತಾನ. 1894ರಲ್ಲಿ ಕಾರ್ಮಿಕ ಸಂಘಗಳ ಇತಿಹಾಸವೂ 1897ರಲ್ಲಿ ಉದ್ಯಮ ಪ್ರಜಾಪ್ರಭುತ್ವವೆಂಬ ಗ್ರಂಥವೂ ಹೊರಬಂದವು. ದುಡಿಯುವವನ ಹೊಟ್ಟೆ ತುಂಬುವಷ್ಟು ಕೂಲಿಯನ್ನು ಕೊಡದ ಉದ್ಯಮವು ಮರದ ಮೇಲಿನ ಬಂದಳಿಕೆಯಂತೆ ಸಮಾಜದ ರಸವನ್ನು ಹೀರುತ್ತದೆ. ಆದುದರಿಂದ ಕೂಲಿ, ದುಡಿಮೆಯ ವೇಳೆ, ನೈರ್ಮಲ್ಯ, ಮಕ್ಕಳ ಶಿಕ್ಷಣ ಇವುಗಳಿಗೆ ಒಂದು ಕನಿಷ್ಠ ಮಟ್ಟವನ್ನು ಕಾಯಿದೆಯೇ ವಿಧಿಸಬೇಕು, ಎಂದು ಅವರು ವಾದಿಸಿದರು. ದ್ರಾಕ್ಷೇತೋಟದ ಕೂಲಿಯಾಳುಗಳ ಸಾಮ್ಯವನ್ನು ಓದಿದ ನಮ್ಮ ಬಾಲಿಕೆಯರಿಗೆ ಇದರ ಅರ್ಥವು ಕಷ್ಟವಲ್ಲ. ಸಂಜೆಯ ತನಕ ಕೆಲಸ ಸಿಕ್ಕದೆ ನಿಂತವನಿಗೂ ಒಂದು ದಿನದ ಅನ್ನವು ಬೇಕಷ್ಟೆ. ಈ ದಂಪತಿಗಳು ಮಿತ್ರರೊಡನೆ 1895ರಲ್ಲಿ ಸ್ಥಾಪಿಸಿದ ಲಂಡನ್ ಅರ್ಥಶಾಸ್ತ್ರ ಶಾಲೆಯಲ್ಲಿಯೇ ಡಾ. ಅಂಬೇಡ್ಕರ್ ಅವರು ವ್ಯಾಸಂಗಮಾಡಿ 1923ರಲ್ಲಿ ಪದವಿಯನ್ನು ಪಡೆದರು.

1905ರಲ್ಲಿ ಬಡವರ ಕಾಯಿದೆಯನ್ನು ವಿಚಾರಿಸಲು ನೇಮಕವಾದ ರಾಯಲ್ ಕಮಿಷನ್ನಿಗೆ ಬಿಯಾಟ್ರಿಸಳೂ ಸದಸ್ಯಳಾದಳು. 1834ರ ಕಾಯಿದೆಯ ಮೇರೆಗೆ ನಿರ್ಗತಿಕರು ವರ್ಕ್‌ಹೌಸ್ ಎಂಬ ದುಡಿಮೆಯ ಮನೆಯನ್ನು ಸೇರಬೇಕಾಗಿತ್ತು. ಅಲ್ಲಿ ಗಂಡಹೆಂಡಿರನ್ನೂ ಮಕ್ಕಳನ್ನೂ ಅಗಲಿಸಿ ಇಡುತ್ತಿದ್ದರು. ದಾರಿದ್ರ್ಯಕ್ಕೆ ಬಹುಮಟ್ಟಿಗೆ ಶೀಲದ ಕುಂದೇ ಕಾರಣವೆಂದು ಕಮಿಷನ್ನಿನ ಹೆಚ್ಚು ಸದಸ್ಯರು ಎಣಿಸಿದ್ದರು. ಬಿಯಾಟ್ರಿಸಳು ಒಪ್ಪಲಿಲ್ಲ. 1909ರಲ್ಲಿ ಪ್ರಕಟವಾದ ಆಕೆಯ ಭಿನ್ನಮತದ ವರದಿಗೆ ನಾಲ್ವರು ಮಾತ್ರವೇ ರುಜುಹಾಕಿದರು. ಅವರಲ್ಲೊಬ್ಬರು ಆಂಗ್ಲಿಕನ್ ಸಭೆಯ ಪಾದ್ರಿ ರಸೆಲ್ ವೇಕ್‌ಫೀಲ್ಡರು. ರೋಗಿಗಳನ್ನು ಆರೋಗ್ಯ ಇಲಾಖೆಯೂ ಮಕ್ಕಳನ್ನು ವಿದ್ಯಾ ಇಲಾಖೆಯೂ ನೋಡಿಕೊಳ್ಳಲಿ, ವೃದ್ಧರಿಗೆ ವಿಶ್ರಾಂತಿ ವೇತನವು ದೊರೆಯಲಿ, ನಿರುದ್ಯೋಗವನ್ನು ತಡೆಯುವುದು ರಾಜ್ಯದ ಕರ್ತವ್ಯವಾಗಲಿ ಎಂಬುದು ಅದರ ಸಾರ. ಸರ್ಕಾರವು ಅದನ್ನು ಅಂದು ಬದಿಗಿಟ್ಟಿತು.

ಸ್ತ್ರೀಯರ ವಿಷಯದಲ್ಲಿ ಆಕೆಯ ನಡೆ ಮೊದಲು ಸರಿಯಾಗಿರಲಿಲ್ಲ. 1889ರಲ್ಲಿ ಸ್ತ್ರೀಯರಿಗೆ ಮತಾಧಿಕಾರ ಬೇಡವೆಂಬ ಮನವಿಗೆ ಆಕೆ ರುಜುಹಾಕಿದ್ದಳು. 1906ರಲ್ಲಿ ಬಹಿರಂಗವಾಗಿ ಆ ಅಭಿಪ್ರಾಯವನ್ನು ತ್ಯಜಿಸಿದಳು. 1919ರಲ್ಲಿ ಮತ್ತೊಂದು ಭಿನ್ನ ವರದಿಯನ್ನು ಬರೆದು, ಕೂಲಿಯನ್ನು ಕೆಲಸ ನೋಡಿ ಗೊತ್ತುಮಾಡಬೇಕೇ ಹೊರತು ಗಂಡು ಹೆಣ್ಣೆಂದು ನೋಡಿ ಅಲ್ಲ ಎಂದು ಸಾಧಿಸಿದಳು.

ಆಕೆಯ ಮುಪ್ಪಿನ ದೊಡ್ಡ ತಪ್ಪನ್ನು ಮುಚ್ಚಿಡುವುದು ನ್ಯಾಯವಲ್ಲ. 1932ರಲ್ಲಿ ದಂಪತಿಗಳು ರಷ್ಯಾ ದೇಶಕ್ಕೆ ಹೋಗಿ, ಅಧಿಕಾರಿಗಳು ತೋರಿಸಿದುದನ್ನು ನೋಡಿ, 1935ರಲ್ಲಿ ಅಲ್ಲಿನ ಆಡಳಿತವನ್ನು ಹೊಗಳಿ ದೊಡ್ಡ ಗ್ರಂಥವನ್ನು ಬರೆದರು. 1932–33ರ ಘೋರ ಕ್ಷಾಮದಲ್ಲಿ ಉಕ್ರೇನ್ ಮೊದಲಾದ ಕಡೆ ಲಕ್ಷಾಂತರ ಜನರು ಸತ್ತರು. ಆಕೆಯ ಸೋದರಿಯ ಅಳಿಯನಾದ ಮಾಲ್ಕಮ್ ಮಗ್ಗರಿಜನೇ ಪತ್ರಿಕೆಯಲ್ಲಿ ಅದನ್ನು ವರದಿ ಮಾಡಿದರೂ ಆಕೆ ನಂಬಲಿಲ್ಲ. ಯೌವನದಲ್ಲಿ ವೇಷ ಮರೆಸಿಕೊಂಡು ಸತ್ಯವನ್ನು ಹುಡುಕಿದವಳು ಮುಪ್ಪಿನಲ್ಲಿ ಅತಿಥಿಯಾಗಿ ಹೋಗಿ ಮೋಸಹೋದಳು. ತಾನು ಕಲಿಸಿದ ಪಾಠವನ್ನು ತಾನೇ ಮರೆತುದರ ಫಲವಿದು.

ಸಭೆಯ ಸಿದ್ಧಾಂತಗಳನ್ನು ಆಕೆ ತಾರುಣ್ಯದಲ್ಲಿಯೇ ತೊರೆದಿದ್ದಳು. ಪ್ರಾರ್ಥನೆಯನ್ನು ಮಾತ್ರ ಬಿಡಲಿಲ್ಲ. ಲಂಡನ್ನಿನ ಸಂತ ಪೌಲನ ದೇವಾಲಯದಲ್ಲಿ ಆಗಾಗ ಮೌನವಾಗಿ ಕುಳಿತಿರುತ್ತಿದ್ದಳು. 1943ರ ಏಪ್ರಿಲ್ 30ರಂದು ಆಕೆ ನಿಧನಹೊಂದಿದಳು. 1947ರಲ್ಲಿ ಪತಿಪತ್ನಿಯರ ಭಸ್ಮವನ್ನು ವೆಸ್ಟ್‌ಮಿನ್‌ಸ್ಟರ್ ಆಬೆಯಲ್ಲಿ ಇರಿಸಿದರು. 1909ರ ವರದಿಗಾಗಿ ದುಡಿದ ತರುಣ ವಿಲಿಯಂ ಬೆವರಿಜ್ ಎಂಬವನೇ 1942ರಲ್ಲಿ ಸಾಮಾಜಿಕ ವಿಮೆಯ ಯೋಜನೆಯನ್ನು ರಚಿಸಿದನು. 1948ರಲ್ಲಿ ಬಡವರ ಹಳೆಯ ಕಾಯಿದೆಯು ಪೂರ್ಣವಾಗಿ ರದ್ದಾಯಿತು. ನಾಲ್ವರ ಮಾತು ನಾಲ್ವತ್ತು ವರ್ಷಗಳೊಳಗೆ ದೇಶದ ಶಾಸನವಾಯಿತು.

ಹಳೆಯ ವಿದ್ಯಾರ್ಥಿನಿಯರೇ, ನಿಮ್ಮಲ್ಲಿ ಅನೇಕರು ಇಂದು ಮನೆಯೊಡತಿಯರಾಗಿದ್ದೀರಿ. ಕ್ರಿಸ್ಮಸ್ ಹಬ್ಬಕ್ಕೆ ನಿಮ್ಮ ಕೆಲಸದವಳಿಗೆ ಹೊಸ ಸೀರೆಯನ್ನು ಕೊಡುವಿರೆಂದು ನಾವು ಬಲ್ಲೆವು, ಅದು ಒಳ್ಳೆಯದೇ. ಆದರೆ ಉಳಿದ ಹನ್ನೊಂದು ತಿಂಗಳು ಆಕೆಗೆ ಕೊಡುವ ಸಂಬಳದಲ್ಲಿ ಬಾಡಿಗೆ, ಅಕ್ಕಿ, ಮಕ್ಕಳ ಶಾಲೆಯ ಖರ್ಚು ಇವು ನಡೆಯುತ್ತವೆಯೇ? ಒಂದು ಸಂಜೆ ಕಾಗದ ತೆಗೆದುಕೊಂಡು ಲೆಕ್ಕ ಹಾಕಿ ನೋಡಿರಿ. ಶಾಲೆಯಲ್ಲಿ ನಿಮಗೆ ಕಲಿಸಿದ ಗಣಿತಕ್ಕೆ ಇದಕ್ಕಿಂತ ಉತ್ತಮವಾದ ಉಪಯೋಗವನ್ನು ನಾವು ಕಾಣೆವು.